ಬಸ್ಸಾರಿನ ಶಾಸ್ತ್ರ

ವಾರ್ಷಿಕ ಸಂಚಿಕೆಗೆ ಏನಾದರೂ ಬರೆದುಕೊಡಬೇಕೆಂದು ಸಂಪಾದಕ ಸಮಿತಿಯ ಮಿತ್ರರು ಹಿಡಿದುಕೊಂಡಾಗ, ಯಾವ ವಿಷಯವೆಂದು ಕೇಳಿದೆ. ನಿನಗೆ ಚೆನ್ನಾಗಿ ಗೊತ್ತಿರುವುದನ್ನು ಬರೆ ಎಂದರು. ನಾನು ಇತಿಹಾಸದ ವಿದ್ಯಾರ್ಥಿ. ಆದರೆ ನನ್ನ ಅಂಕಪಟ್ಟಿಯನ್ನು ಕಂಡವರಾರೂ ನನಗೆ ಇತಿಹಾಸ ಚೆನ್ನಾಗಿ ಗೊತ್ತೆಂದು ಹೇಳಲಾರರು. ಎರಡು ದಿನ ಆಲೋಚಿಸಿದ ಮೇಲೆ, ತಪ್ಪು ಮಾಡಿ, ತಿದ್ದಿಕೊಂಡು, ಕಾರಣಸಹಿತವಾಗಿ ನಾನು ಕಲಿತಿರುವ ವಿದ್ಯೆ ಒಂದೇ ಒಂದು ಎಂಬುದು ಹೊಳೆಯಿತು. ಅದು ತೊಗರಿಬೇಳೆಯ ಬಸ್ಸಾರು. ಗಂಡುಹುಡುಗನಿಗೆ ಒಲೆಯ ಮುಂದೆ ಏನು ಕೆಲಸವೆಂದು ಹುಬ್ಬೇರಿಸುವ ಸಹಪಾಠಿಗಳಿಗೆ ಒಂದು ಮಾತು: ವಿರಾಟನ ಅರಮನೆಯಲ್ಲಿ ಒಂದು ವರ್ಷ ಸೌಟು ಹಿಡಿದವನು ಭೀಮಸೇನ. ಅವನ ಮುಂದೆ ನಿಂತು ಈ ಪ್ರಶ್ನೆಯನ್ನು ಕೇಳಿದವರು ಯಾರಾದರೂ ಇದ್ದಂತೆ ಕಾಣೆ.

ಬಸ್ಸಾರು ಎಂದರೆ ಬಸಿದ ಸಾರು. ಮಂಡ್ಯ, ಮೈಸೂರು, ಹಾಸನ, ತುಮಕೂರಿನ ಕಡೆಯ ಓದುಗರಿಗೆ ಇದನ್ನು ವಿವರಿಸುವುದು ಮೀನಿಗೆ ಈಜು ಹೇಳಿಕೊಟ್ಟ ಹಾಗೆ. ಆದರೆ ನಮ್ಮ ಅಧ್ಯಾಪಕರಲ್ಲಿ ಬೇರೆ ಬೇರೆ ಸೀಮೆಯವರೂ ಇರುವುದರಿಂದ ಎರಡು ಮಾತು ಹೇಳಬೇಕು. ಬೇಳೆಯನ್ನೋ ಕಾಳನ್ನೋ ಸೊಪ್ಪಿನೊಡನೆ ಧಾರಾಳವಾದ ನೀರಿನಲ್ಲಿ ಬೇಯಿಸಿ, ಆ ನೀರನ್ನು ಬೇರೆ ಪಾತ್ರೆಗೆ ಬಸಿದುಕೊಳ್ಳುವುದು. ಬಸಿದ ನೀರಿಗೆ ಕಟ್ಟು ಎಂದು ಹೆಸರು. ಕಟ್ಟಿಗೆ ಖಾರ ರುಬ್ಬಿ ಕೂಡಿಸಿದರೆ ಸಾರು. ಬಸಿದು ಉಳಿದ ಬೇಳೆಸೊಪ್ಪಿಗೆ ಒಗ್ಗರಣೆ ಕೊಟ್ಟರೆ ಪಲ್ಯ. ಒಂದೇ ಪಾತ್ರೆ, ಒಂದೇ ಉರಿ, ಎರಡು ಅಡಿಗೆ. ಒಬ್ಬಟ್ಟಿಗೆಂದು ಕಡಲೆಬೇಳೆ ಬೇಯಿಸಿ ಬಸಿದ ನೀರಿನಿಂದ ಯುಗಾದಿಯ ದಿನ ಮಾಡುವ ಒಬ್ಬಟ್ಟಿನ ಸಾರೂ, ಧಾರವಾಡದ ಕಡೆಯವರ ಕಟ್ಟಿನ ಸಾರೂ ಇದೇ ವಂಶದವು. ಸ್ವೀಡನ್ ದೇಶದಲ್ಲಿ ಗುರುವಾರದ ಊಟಕ್ಕೆ ಹಳದಿ ಬಟಾಣಿಯ ಸೂಪು ಮಾಡುವ ಹಳೆಯ ಪದ್ಧತಿ ಉಂಟು. ಹಾಲೆಂಡಿನವರು ಚಳಿಗಾಲದಲ್ಲಿ ಒಡೆದ ಬಟಾಣಿಯನ್ನು ಚಮಚ ನೆಟ್ಟಗೆ ನಿಲ್ಲುವಷ್ಟು ಗಟ್ಟಿಯಾಗಿ ಬೇಯಿಸಿಕೊಳ್ಳುತ್ತಾರೆ. ಅವರು ಯಾರೂ ಬಸಿಯುವುದಿಲ್ಲ. ಬಸಿಯುವುದು ನಮ್ಮ ಉಪಾಯ.

ಇನ್ನು ಈ ಸೂಪು ಎಂಬ ಮಾತು. ಸಂಸ್ಕೃತದಲ್ಲಿ ಸೂಪವೆಂದರೆ ಬೇಳೆಯ ಸಾರು, ತೊವ್ವೆ. ಇಂಗ್ಲಿಷಿನ ಸೂಪು ಇದರಿಂದಲೇ ಹುಟ್ಟಿತೆಂದು ನಮ್ಮ ತರಗತಿಯಲ್ಲಿ ಒಬ್ಬ ಮಿತ್ರನು ಮೇಜು ಕುಟ್ಟಿ ವಾದಿಸಿದ್ದುಂಟು. ಅದು ನಿಜವಲ್ಲ. ಆ ಮಾತು ಹಳೆಯ ಫ್ರೆಂಚಿನಿಂದ ಬಂದದ್ದು. ಸಾರಿನಲ್ಲಿ ನೆನೆಸಿದ ರೊಟ್ಟಿಯ ಚೂರು ಎಂಬುದು ಅದರ ಮೊದಲ ಅರ್ಥ. ಎರಡೂ ಒಂದೇ ಬಟ್ಟಲಿಗೆ ಬಂದು ಸೇರಿದ್ದು ಕೇವಲ ಆಕಸ್ಮಿಕ. ಆದರೆ ನಮ್ಮವರು ಅಡಿಗೆಯ ವಿದ್ಯೆಗೇ ಸೂಪಶಾಸ್ತ್ರವೆಂದು ಹೆಸರಿಟ್ಟರು ಎಂಬುದು ಮಾತ್ರ ದಿಟ. ೧೦೨೫ರಲ್ಲಿ ಎರಡನೆಯ ಚಾವುಂಡರಾಯನು ಬರೆದ ಲೋಕೋಪಕಾರದಲ್ಲಿ ಬಾವಿ ತೋಡುವುದು, ಗಿಡ ಬೆಳೆಸುವುದು ಮೊದಲಾದವುಗಳ ಜೊತೆಗೆ ಅಡಿಗೆಗೂ ಒಂದು ಅಧ್ಯಾಯ ಮೀಸಲಾಗಿದೆ. ೧೬ನೆಯ ಶತಮಾನದ ಆರಂಭದಲ್ಲಿದ್ದ ಮೂರನೆಯ ಮಂಗರಸನಂತೂ ಸೂಪಶಾಸ್ತ್ರವೆಂಬ ಹೆಸರಿನಲ್ಲೇ ಇಡಿಯ ಕಾವ್ಯವನ್ನು ಬರೆದ. ಅಡಿಗೆಯನ್ನು ಷಟ್ಪದಿಯಲ್ಲಿ ಹೇಳಬಹುದಾದರೆ ಗದ್ಯದಲ್ಲಿ ಹೇಳಿದ ನನ್ನದೇನೂ ಅಪರಾಧವಲ್ಲ.

ನಾನು ಒಲೆಯ ಮುಂದೆ ಬಂದ ಬಗೆಯನ್ನು ಹೇಳದಿದ್ದರೆ ಮುಂದಿನ ಮಾತುಗಳಿಗೆ ಬುಡವಿರುವುದಿಲ್ಲ. ಹೋದ ವರ್ಷ ಫೆಬ್ರವರಿಯಲ್ಲಿ ಅವ್ವನಿಗೆ ವಿಷಮಶೀತ ಜ್ವರ ಬಂತು. ಜ್ವರ ಇಳಿಯುವ ಹೊತ್ತಿಗೆ ಅವಳಿಗೆ ಎದ್ದು ಕೂರುವ ತ್ರಾಣವೂ ಇರಲಿಲ್ಲ. ಮೊದಲ ವಾರ ಪಕ್ಕದ ಮನೆಯ ದೊಡ್ಡವ್ವ ಎರಡು ಹೊತ್ತೂ ಊಟ ಕಳಿಸಿದರು. ಅಪ್ಪನಿಗೆ ಅದು ಗಂಟಲಲ್ಲಿ ಇಳಿಯದು. ಎಷ್ಟು ದಿನ ಅಂತ ಇನ್ನೊಬ್ಬರ ಋಣ ಎಂದು ತಟ್ಟೆಯ ಮುಂದೆ ಕೂತೇ ಗೊಣಗುವರು. ನನ್ನ ತಂಗಿ ಆಗ ಹತ್ತನೆಯ ತರಗತಿ. ಪರೀಕ್ಷೆ ಹತ್ತಿರ ಬಂದಿತ್ತು. ನಾಳೆಯಿಂದ ಅಡಿಗೆ ನಾನು ಮಾಡುತ್ತೇನೆಂದು ನಾನು ಹೇಳಿದ್ದು ಶೌರ್ಯದಿಂದಲ್ಲ; ಅಪ್ಪನ ಕಣ್ಣು ತಂಗಿಯ ಪುಸ್ತಕದ ಚೀಲದ ಮೇಲೆ ಹೋಗಿ ನಿಂತಿದ್ದನ್ನು ಕಂಡು.

ಮೊದಲ ಸಂಜೆ ಕಾಲೇಜಿನಿಂದ ಬಸ್ಸಿಳಿದು ಬಂದವನೇ ಬೇಳೆ ತೊಳೆದೆ. ತೊಟ್ಟಿಯಲ್ಲಿದ್ದ ಕೊಳವೆಬಾವಿಯ ನೀರನ್ನು ಹೊಯ್ದೆ. ಎಲ್ಲವೂ ಕೊನೆಗೆ ಒಂದೇ ಹೊಟ್ಟೆಗೆ ಹೋಗುವುದು ತಾನೆ ಎಂದುಕೊಂಡು ಹುಣಿಸೆಹುಳಿ, ಉಪ್ಪು, ಖಾರದ ಪುಡಿ, ಸೊಪ್ಪು ಎಲ್ಲವನ್ನೂ ಆರಂಭದಲ್ಲೇ ಸುರಿದೆ. ಮುಕ್ಕಾಲು ಗಂಟೆ ಕುದಿಸಿದೆ. ಸೊಪ್ಪು ಕರಗಿ ಕಂದುಬಣ್ಣದ ಗಸಿಯಾಯಿತು. ಬೇಳೆ ಮಾತ್ರ ಬೆರಳಿಗೆ ಮರಳಿನ ಹಾಗೆ ಒರಟೊರಟಾಗಿ ಸಿಕ್ಕಿತು. ಇನ್ನೊಂದು ಅರ್ಧಗಂಟೆ ಕುದಿಸಿದೆ. ಹಾಗೇ ಇತ್ತು. ಒಳಗಿನ ಕೋಣೆಯಿಂದ ಅವ್ವ ಕೇಳಿದಳು:

"ಹುಳೀನ ಯಾವಾಗ ಬುಟ್ಟೆ ಮಗ?"

"ಆಗ್ಲೇ, ಮೊದಲೇ."

"ಹುಳಿ ಬಿದ್ದ ಮ್ಯಾಲೆ ಬೇಳೆ ಬೇಯಾಕಿಲ್ಲ ಕಣಪ್ಪ. ಆ ತೊಟ್ಟಿ ನೀರ್ನಲ್ಲಿ ಮೊದ್ಲೇ ಬೇಯಾಕಿಲ್ಲ."

ಅಪ್ಪ ಆ ಸಾರನ್ನು ಅಗಿದು ಉಂಡರು. ಸಾರನ್ನು ಅಗಿಯುವುದನ್ನು ನಾನು ಕಂಡದ್ದು ಅದೇ ಮೊದಲು. ಕೈತೊಳೆದು ಬಂದು, "ನಾಳೆಯಿಂದ ಅವ್ಳು ಮನೇಲಿರ್ಲಿ. ನಿಮ್ಮವ್ವ ಏಳೋಗಂಟ ಅಡ್ಗೆ ನೋಡ್ಕಳ್ಲಿ" ಎಂದರು. ತಂಗಿ ಏನೂ ಮಾತನಾಡದೆ ಪುಸ್ತಕ ಮುಚ್ಚಿದಳು. ನಾನು, "ಇನ್ನೊಂದ್ ದಿವ್ಸ ನೋಡಪ್ಪ" ಎಂದೆ. ಅಪ್ಪ ಬೇಡವೆನ್ನಲಿಲ್ಲ.

ಮಾರನೆಯ ದಿನ ನಾನು ಮಾಡಿದ ಮೊದಲ ಕೆಲಸ, ನಮ್ಮ ಕಾಲೇಜಿನ ಗ್ರಂಥಾಲಯಕ್ಕೆ ಹೋಗಿ ಬೇಳೆ ಏಕೆ ಬೇಯುವುದಿಲ್ಲವೆಂದು ಹುಡುಕಿದ್ದು. ಅವ್ವ ಹೇಳಿದ್ದು ಅಕ್ಷರಶಃ ಸರಿಯಾಗಿತ್ತು. ಕಾರಣ ಹೀಗಿದೆ. ಬೇಳೆಯ ಒಳಗಿನ ಲಕ್ಷಾಂತರ ಜೀವಕೋಶಗಳನ್ನು ಒಂದಕ್ಕೊಂದು ಅಂಟಿಸಿ ಹಿಡಿದಿರುವ ಗಾರೆಯಂಥ ಪದಾರ್ಥವೊಂದಿದೆ. ಅದಕ್ಕೆ ಪೆಕ್ಟಿನ್ ಎನ್ನುತ್ತಾರೆ. ಹಣ್ಣಿನ ಜಾಮು ಗಟ್ಟಿಯಾಗುವುದೂ ಇದರಿಂದಲೇ. ಬಿಸಿನೀರಿನಲ್ಲಿ ಈ ಗಾರೆ ಸಡಿಲಗೊಂಡು ಕರಗಿದಾಗ ಕೋಶಗಳು ಒಂದನ್ನೊಂದು ಬಿಡುತ್ತವೆ. ಬೇಳೆ ಬೆಂದಿತು ಎಂದು ನಾವು ಹೇಳುವುದು ಈ ಸ್ಥಿತಿಗೆ. ನೀರಿನಲ್ಲಿ ಹುಳಿ ಇದ್ದರೆ ಪೆಕ್ಟಿನ್ ಕರಗುವುದು ತೀರ ನಿಧಾನ. ಕೊಳವೆಬಾವಿಯ ಗಡಸು ನೀರಿನಲ್ಲಿ ಸುಣ್ಣದ ಅಂಶವಾದ ಕ್ಯಾಲ್ಸಿಯಮ್ಮೂ ಮೆಗ್ನೀಸಿಯಮ್ಮೂ ಇರುತ್ತವೆ. ಇವು ಪೆಕ್ಟಿನ್ನಿನ ಎಳೆಗಳ ನಡುವೆ ಸೇರಿ ಕೊಂಡಿ ಹಾಕಿದಂತೆ ಬಿಗಿದುಬಿಡುತ್ತವೆ. ಹಳೆಯ ದಾಸ್ತಾನಿನ ಬೇಳೆ, ಅದರಲ್ಲೂ ಸೆಕೆ ಮತ್ತು ತೇವದಲ್ಲಿ ಬಹುಕಾಲ ಇದ್ದದ್ದು, ತಾನಾಗಿಯೇ ಬಿರುಸಾಗಿರುತ್ತದೆ. ನಾನು ಈ ಮೂರನ್ನೂ ಒಂದೇ ಪಾತ್ರೆಯಲ್ಲಿ ಕೂಡಿಹಾಕಿದ್ದೆ. ಅಷ್ಟು ಶ್ರದ್ಧೆಯಿಂದ ಬೇಕೆಂದೇ ಪ್ರಯತ್ನಿಸಿದ್ದರೂ ಬೇಳೆಯನ್ನು ಬೇಯದಂತೆ ಮಾಡುವುದು ಅದಕ್ಕಿಂತ ಚೆನ್ನಾಗಿ ಸಾಧ್ಯವಾಗುತ್ತಿರಲಿಲ್ಲ.

ಚಿಟಿಕೆ ಅಡಿಗೆ ಸೋಡ ಹಾಕಿದರೆ ಬೇಗ ಬೇಯುತ್ತದೆಂದು ಕೆಲವರು ಹೇಳುವುದುಂಟು. ಅದು ಸುಳ್ಳಲ್ಲ, ಕ್ಷಾರದಲ್ಲಿ ಪೆಕ್ಟಿನ್ ಬೇಗ ಒಡೆಯುತ್ತದೆ. ಆದರೆ ಬೇಳೆಯಲ್ಲಿರುವ ಥಯಾಮಿನ್, ಅಂದರೆ ಒಂದನೆಯ ಬಿ ಜೀವಸತ್ವ, ಸೋಡದಿಂದ ಹಾಳಾಗುತ್ತದೆ. ರುಚಿಯೂ ಸಾಬೂನಿನ ಕಡೆಗೆ ವಾಲುತ್ತದೆ. ನಲ್ಲಿಯಲ್ಲಿ ಎರಡು ದಿನಕ್ಕೊಮ್ಮೆ ಬರುವ ನದಿಯ ನೀರನ್ನು ಒಂದು ಬಿಂದಿಗೆ ಬೇರೆ ಹಿಡಿದಿಟ್ಟುಕೊಳ್ಳುವುದು ಇದಕ್ಕಿಂತ ಎಷ್ಟೋ ಮೇಲು. ನದಿಯ ನೀರೇ ಇಲ್ಲದ ಊರಾದರೆ, ಬಾವಿಯ ನೀರನ್ನು ಒಮ್ಮೆ ಚೆನ್ನಾಗಿ ಕುದಿಸಿ, ಆರಿಸಿ, ತಳದಲ್ಲಿ ಕೂತ ಬಿಳಿಯ ಮಡ್ಡಿಯನ್ನು ಬಿಟ್ಟು ಮೇಲಿನದನ್ನು ಬಳಸಿದರೆ ಗಡಸು ಸ್ವಲ್ಪ ಮಟ್ಟಿಗೆ ತಗ್ಗುತ್ತದೆ. ಪೂರ್ತಿ ಹೋಗುವುದಿಲ್ಲ.

ಇನ್ನು ಮಾಡುವ ಕ್ರಮ. ನಾಲ್ಕು ಜನರಿಗೆ ೨೦೦ ಗ್ರಾಂ ತೊಗರಿಬೇಳೆ ಸಾಕು. ಕಲಬುರಗಿಯ ತೊಗರಿಬೇಳೆಗೆ ೨೦೧೯ರಲ್ಲಿ ಭೌಗೋಳಿಕ ಗುರುತಿನ ಮಾನ್ಯತೆ ದೊರೆತಿದೆ. ಸಿಕ್ಕಿದರೆ ಅದು ಉತ್ತಮ. ಸಿಕ್ಕದಿದ್ದರೆ ಹೊಸ ಬೇಳೆ ಯಾವುದಾದರೂ ಆದೀತು. ಕೊಳ್ಳುವಾಗ ಒಂದು ಹಿಡಿ ಅಂಗೈಯಲ್ಲಿ ಹರಡಿ ನೋಡಬೇಕು. ತೊಗರಿಬೇಳೆ ದುಂಡಗೆ, ಉಬ್ಬಿಕೊಂಡಿರುತ್ತದೆ. ಒಂದು ಪಕ್ಕ ಓರೆಯಾಗಿ ಕೊಡಲಿಯ ಬಾಯಿಯಂತೆ ಕತ್ತರಿಸಿದ ಚೂರುಗಳು ಬೆರೆತಿದ್ದರೆ ಅದು ಕೇಸರಿಬೇಳೆ ಇರಬಹುದು. ಅದನ್ನೇ ಮುಖ್ಯ ಆಹಾರವಾಗಿ ತಿಂಗಳುಗಟ್ಟಲೆ ತಿಂದವರ ಕಾಲುಗಳು ಸ್ವಾಧೀನ ತಪ್ಪುತ್ತವೆ. ೧೯೬೧ರಲ್ಲಿ ಅದರ ಮಾರಾಟವನ್ನು ನಿಷೇಧಿಸಿದ್ದು ಇದೇ ಕಾರಣದಿಂದ.

ಬೇಳೆಯನ್ನು ಮೂರು ನೀರಿನಲ್ಲಿ ತೊಳೆದು ಅರ್ಧಗಂಟೆ ನೆನೆಸುವುದು. ಒಂದೂವರೆ ಲೀಟರು ನೀರನ್ನು ಅಗಲಬಾಯಿಯ ಪಾತ್ರೆಯಲ್ಲಿ ಕುದಿಯಲು ಇಟ್ಟು, ನೀರು ಮರಳಿದ ಮೇಲೆ ಬೇಳೆ, ಚಿಟಿಕೆ ಅರಿಶಿನ, ನಾಲ್ಕು ತೊಟ್ಟು ಎಣ್ಣೆ. ಎಣ್ಣೆ ರುಚಿಗಲ್ಲ, ನೊರೆ ಉಕ್ಕಿ ಒಲೆಯನ್ನು ಆರಿಸದಿರಲೆಂದು. ಕುಕ್ಕರು ಏಕೆ ಬೇಡವೆಂದು ಕೇಳುವಿರಿ. ಕುಕ್ಕರಿನಲ್ಲಿ ಹಬೆಯ ಒತ್ತಡದಿಂದ ಶಾಖ ೧೨೦ ಡಿಗ್ರಿಯ ತನಕ ಏರುತ್ತದೆ. ತೊವ್ವೆಗೆ ಅದು ಬಹಳ ಚೆನ್ನ. ಬಸ್ಸಾರಿಗೆ ಬೇಳೆ ಕರಗಿಹೋದರೆ ಬಸಿಯಲು ಉಳಿಯುವುದಾದರೂ ಏನು? ಕಟ್ಟು ಅಂಬಲಿಯಾಗುತ್ತದೆ, ಪಲ್ಯ ಮುದ್ದೆಯಾಗುತ್ತದೆ. ಆದುದರಿಂದ ತೆರೆದ ಪಾತ್ರೆ. ಹದಿನೈದರಿಂದ ಇಪ್ಪತ್ತು ನಿಮಿಷಕ್ಕೆ ಹದ ಬರುತ್ತದೆ. ಹದವನ್ನು ಅವ್ವ ಮಲಗಿದಲ್ಲಿಂದಲೇ ಹೇಳಿಕೊಟ್ಟಳು: ಬೇಳೆ ನೋಡುವುದಕ್ಕೆ ಇಡಿಯಾಗಿರಬೇಕು, ಎರಡು ಬೆರಳಿನ ನಡುವೆ ಒತ್ತಿದರೆ ಹಿಟ್ಟಾಗಬೇಕು. ಈ ಎರಡಕ್ಕೂ ನಡುವಿನ ಅಂತರ ಮೂರು ನಾಲ್ಕು ನಿಮಿಷ ಮಾತ್ರ. ಆ ಹೊತ್ತಿನಲ್ಲಿ ದೂರವಾಣಿ ಬಂದರೆ ಎತ್ತಬಾರದು.

ಹದಕ್ಕೆ ಸ್ವಲ್ಪ ಮುಂಚೆ ಸೊಪ್ಪು ಹಾಕಬೇಕು. ಎರಡು ದೊಡ್ಡ ಕಟ್ಟು ದಂಟಿನಸೊಪ್ಪು, ಜೊತೆಗೆ ಅರ್ಧ ಕಟ್ಟು ಸಬ್ಬಸಿಗೆ ನಮ್ಮ ಮನೆಯ ಲೆಕ್ಕ. ದಂಟನ್ನು ಮೊದಲು, ಎಲೆಯನ್ನು ನಾಲ್ಕು ನಿಮಿಷ ಬಿಟ್ಟು. ಉಪ್ಪು ಈಗ. ಪಾತ್ರೆಗೆ ಮುಚ್ಚಳ ಕೂಡದು. ಸೊಪ್ಪು ಬೇಯುವಾಗ ಅದರಿಂದ ಹೊರಡುವ ಹುಳಿಯ ಆವಿ ಹೊರಗೆ ಹೋಗದೆ ಮುಚ್ಚಳಕ್ಕೆ ತಾಗಿ ಹಿಂದಕ್ಕೆ ತೊಟ್ಟಿಕ್ಕಿದರೆ, ಎಲೆಯ ಹಸಿರುಬಣ್ಣದಲ್ಲಿರುವ ಮೆಗ್ನೀಸಿಯಮ್ ಕಳಚಿಹೋಗಿ ಸೊಪ್ಪು ಕಂದಾಗುತ್ತದೆ. ನನ್ನ ಮೊದಲ ಸಂಜೆಯ ಗಸಿಯ ಬಣ್ಣಕ್ಕೆ ಹುಣಿಸೆಯ ಜೊತೆಗೆ ಇದೂ ಒಂದು ಕಾರಣ.

ಬಸಿಯುವುದಕ್ಕೆ ನಮ್ಮ ಮನೆಯಲ್ಲಿ ಇಂದಿಗೂ ಬಿದಿರಿನ ಸಿಬ್ಬಲು ಉಂಟು. ಅದಿಲ್ಲದವರಿಗೆ ತೂತಿನ ಪಾತ್ರೆಯೇ ಸಾಕು. ಅವಸರದಿಂದ ಒತ್ತಿ ಹಿಂಡಬಾರದು. ತಾನಾಗಿ ಇಳಿದಷ್ಟೇ ಕಟ್ಟು. ಆ ಸಂಜೆ ನಾನು ಸೊಪ್ಪು ಹಾಕುವ ಮೊದಲೇ ಒಂದು ಲೋಟದಷ್ಟು ಬೇಳೆಯ ಕಟ್ಟನ್ನು ಬೇರೆ ತೆಗೆದು, ಬಟ್ಟೆಯಲ್ಲಿ ಸೋಸಿ, ಉಪ್ಪು ಮತ್ತು ಚಿಟಿಕೆ ಜೀರಿಗೆಪುಡಿ ಹಾಕಿ ಅವ್ವನಿಗೆ ಕೊಟ್ಟೆ. ಮೆತ್ತಗಿನದನ್ನು ಕೊಡಿ, ಖಾರ ಬೇಡ ಎಂದು ವೈದ್ಯರು ಹೇಳಿದ್ದರು. ಒಂದು ವಾರದಿಂದ ಗಂಜಿಯನ್ನು ಎರಡು ಗುಟುಕಿಗೆ ಪಕ್ಕಕ್ಕೆ ತಳ್ಳುತ್ತಿದ್ದವಳು ಲೋಟವನ್ನು ನಿಧಾನವಾಗಿ ಪೂರ್ತಿ ಕುಡಿದಳು. ಕುಡಿದು, "ಉಪ್ಪು ಒಂದ್ ಕಲ್ಲು ಜಾಸ್ತಿ ಆಯ್ತು" ಎಂದಳು. ಅವಳು ತಪ್ಪು ಹುಡುಕುವಷ್ಟು ಚೇತರಿಸಿಕೊಂಡಳಲ್ಲ ಎಂದು ನನಗೆ ಹಿಗ್ಗಾಯಿತು.

ಖಾರಕ್ಕೆ ಆರೇಳು ಬ್ಯಾಡಗಿ ಮೆಣಸಿನಕಾಯಿ, ಒಂದು ಚಮಚ ಕೊತ್ತಂಬರಿ ಬೀಜ, ಅರ್ಧ ಚಮಚ ಜೀರಿಗೆ, ಎಂಟು ಹತ್ತು ಕಾಳುಮೆಣಸು. ಇವನ್ನು ಬೇರೆ ಬೇರೆಯಾಗಿ ಸಣ್ಣ ಉರಿಯಲ್ಲಿ ಹುರಿಯಬೇಕು, ಏಕೆಂದರೆ ಕೊತ್ತಂಬರಿ ಹುರಿಯುವ ಹೊತ್ತಿಗೆ ಜೀರಿಗೆ ಸುಟ್ಟಿರುತ್ತದೆ. ಒಂದು ಈರುಳ್ಳಿಯನ್ನು ಸಿಪ್ಪೆಸಮೇತ ಕೆಂಡದ ಮೇಲೋ ಗ್ಯಾಸಿನ ಉರಿಯ ಮೇಲೋ ಸುಟ್ಟು, ಕರಿಯ ಸಿಪ್ಪೆ ತೆಗೆದು ಸೇರಿಸುವುದು. ಬಸ್ಸಾರಿನ ವಾಸನೆಯಲ್ಲಿ ಅರ್ಧಪಾಲು ಈ ಸುಟ್ಟ ಈರುಳ್ಳಿಯದು. ಹಸಿ ಈರುಳ್ಳಿ ಹಾಕಿದ ಬಸ್ಸಾರನ್ನು ನಾನಂತೂ ಬಸ್ಸಾರೆಂದು ಒಪ್ಪುವುದಿಲ್ಲ. ಎಂಟು ಎಸಳು ಬೆಳ್ಳುಳ್ಳಿ, ಕಾಲು ಹೋಳು ತೆಂಗಿನಕಾಯಿ, ಸಣ್ಣ ನಿಂಬೆಯ ಅರ್ಧದಷ್ಟು ಹುಣಿಸೆ, ಕೊನೆಯಲ್ಲಿ ಬಸಿದ ಬೇಳೆಸೊಪ್ಪಿನಿಂದ ಒಂದು ಹಿಡಿ. ಈ ಹಿಡಿಯನ್ನು ಮರೆಯಬಾರದು. ರುಬ್ಬಿದ ಬೇಳೆಯ ಗಂಜಿಯೇ ಖಾರವನ್ನು ನೀರಿನಲ್ಲಿ ತೇಲಿಸಿ ಹಿಡಿಯುವುದು. ಇಲ್ಲದಿದ್ದರೆ ಖಾರ ತಳಕ್ಕೆ ಕೂತು ಮೇಲೆ ತಿಳಿನೀರು ನಿಲ್ಲುತ್ತದೆ. ಒರಳಿನಲ್ಲಿ ರುಬ್ಬಿದರೆ ಚೆನ್ನ ಎನ್ನುವವರೊಡನೆ ನನಗೆ ಜಗಳವಿಲ್ಲ. ನಾನು ಮಿಕ್ಸಿಯಲ್ಲಿ ರುಬ್ಬಿದೆ.

ರುಬ್ಬಿದ್ದನ್ನು ಕಟ್ಟಿಗೆ ಕೂಡಿಸಿ ಹತ್ತು ನಿಮಿಷ ಕುದಿಸಿ, ಸಾಸಿವೆ ಕರಿಬೇವಿನ ಒಗ್ಗರಣೆ ಕೊಟ್ಟರೆ ಸಾರು ಮುಗಿಯಿತು. ಹುಣಿಸೆ ಈಗ ಬಂದರೂ ಬಾಧಕವಿಲ್ಲ, ಬೇಳೆ ಆಗಲೇ ಬೆಂದು ಹೊರಗೆ ಕೂತಿದೆ! ಇದನ್ನು ಗಮನಿಸಿದಾಗ ನನಗೆ ಬಹಳ ಆಶ್ಚರ್ಯವಾಯಿತು. ಬೇಳೆಯನ್ನು ಹುಳಿಯಿಂದ ದೂರವಿಡುವ ಏರ್ಪಾಡು ಬಸಿಯುವ ಕ್ರಮದಲ್ಲೇ ಅಡಗಿದೆ. ಪಲ್ಯಕ್ಕೆ ಎಣ್ಣೆಯಲ್ಲಿ ಸಾಸಿವೆ, ಜಜ್ಜಿದ ಬೆಳ್ಳುಳ್ಳಿ, ಒಣಮೆಣಸಿನಕಾಯಿ, ಹೆಚ್ಚಿದ ಈರುಳ್ಳಿ. ಬೇಳೆಸೊಪ್ಪನ್ನು ಹಾಕಿ ಎರಡು ನಿಮಿಷ ಆಡಿಸಿ, ಕಾಯಿತುರಿ ಉದುರಿಸುವುದು. ಅಷ್ಟೆ.

ತರಕಾರಿ ಬೇಯಿಸಿದ ನೀರನ್ನು ಚರಂಡಿಗೆ ಚೆಲ್ಲುವುದನ್ನು ನಾನು ಅನೇಕ ಕಡೆ ಕಂಡಿದ್ದೇನೆ. ಬಿ ಗುಂಪಿನ ಜೀವಸತ್ವಗಳೂ ಪೊಟಾಸಿಯಮ್ಮಿನಂಥ ಲವಣಗಳೂ ನೀರಿನಲ್ಲಿ ಕರಗುವಂಥವು. ಬೇಯುವಾಗ ಅವುಗಳಲ್ಲಿ ಒಂದು ಪಾಲು ನೀರಿಗೆ ಇಳಿದಿರುತ್ತದೆ. ಬಸ್ಸಾರಿನಲ್ಲಿ ಬಸಿದರೂ ಚೆಲ್ಲುವುದಿಲ್ಲ. ಶಾಖದಿಂದ ನಾಶವಾಗುವ ಸಿ ಜೀವಸತ್ವವನ್ನು ಮಾತ್ರ ಇದು ಉಳಿಸಲಾರದು. ತೊಗರಿಬೇಳೆಯ ನೂರು ಪಾಲಿನಲ್ಲಿ ಸುಮಾರು ೨೨ ಪಾಲು ಸಸಾರಜನಕ, ಅಂದರೆ ಪ್ರೋಟೀನು. ಆದರೆ ಅದರಲ್ಲಿ ಮೆಥಿಯೋನಿನ್ ಎಂಬ ಅಂಶ ಕಡಿಮೆ, ಲೈಸಿನ್ ಹೆಚ್ಚು. ರಾಗಿಯಲ್ಲಿ ಇದಕ್ಕೆ ತಿರುಗುಮುರುಗು. ಒಂದರ ಕೊರತೆಯನ್ನು ಇನ್ನೊಂದು ತುಂಬುತ್ತದೆ. ಸಾಲದ್ದಕ್ಕೆ ನೂರು ಗ್ರಾಂ ರಾಗಿಯಲ್ಲಿ ೩೪೦ ಮಿಲಿಗ್ರಾಮಿನಷ್ಟು ಸುಣ್ಣದ ಅಂಶ ಇದೆ. ಅಕ್ಕಿಯಲ್ಲಿ ಅದರ ಹತ್ತನೆಯ ಒಂದು ಪಾಲೂ ಇಲ್ಲ. ಕನಕದಾಸರು ರಾಮಧಾನ್ಯಚರಿತೆಯಲ್ಲಿ ರಾಗಿಯನ್ನು ಗೆಲ್ಲಿಸಿದ್ದು ಬೇರೆ ಕಾರಣಕ್ಕೆ. ಆದರೂ ತೀರ್ಪು ತಪ್ಪಲ್ಲ.

ಆ ಎರಡನೆಯ ಸಂಜೆ ಮುದ್ದೆಯನ್ನು ಅಪ್ಪನೇ ತಿರುವಿದರು. ಅದು ನನಗೆ ಬರುತ್ತಿರಲಿಲ್ಲ, ಇಂದಿಗೂ ಗಂಟಿಲ್ಲದೆ ಬರುವುದಿಲ್ಲ. ತಟ್ಟೆಗೆ ಸಾರು ಬಡಿಸಿ ನಾನು ಗೋಡೆಗೆ ಒರಗಿ ನಿಂತೆ. ಅಪ್ಪ ಮುದ್ದೆ ಮುರಿದು ಅದ್ದಿ ನುಂಗಿದರು. ಅಗಿಯಲಿಲ್ಲ. ಇನ್ನೊಂದು ಸೌಟು ಹಾಕು ಎಂದು ತಟ್ಟೆ ಮುಂದಕ್ಕೆ ತಳ್ಳಿದರು. ಊಟ ಮುಗಿಯುವ ತನಕ ಒಂದು ಮಾತೂ ಇಲ್ಲ. ಕೈತೊಳೆದು ಬಂದು, ದೀಪದ ಹತ್ತಿರ ಕೂತಿದ್ದ ತಂಗಿಯ ಕಡೆ ನೋಡಿ, "ಬೆಳಿಗ್ಗೆ ಎಷ್ಟೊತ್ತಿಗೆ ನಿನ್ನ ಬಸ್ಸು?" ಎಂದು ಕೇಳಿದರು.

ಪರೀಕ್ಷೆ ಮುಗಿಯುವ ತನಕ ನಮ್ಮ ಮನೆಯಲ್ಲಿ ವಾರಕ್ಕೆ ನಾಲ್ಕು ದಿನ ಬಸ್ಸಾರೇ. ಬೇರೆ ಯಾವುದೂ ನನಗೆ ಬರುತ್ತಿರಲಿಲ್ಲ. ಒಂದು ದಿನ ದಂಟು, ಒಂದು ದಿನ ನುಗ್ಗೆಸೊಪ್ಪು, ಒಂದು ದಿನ ಬೇಳೆಯ ಬದಲು ರಾತ್ರಿಯೆಲ್ಲ ನೆನೆಸಿದ ಹುರುಳಿ, ಹೀಗೆ ವೇಷ ಬದಲಿಸಿ ಬಡಿಸಿದೆ. ಹುರುಳಿಗೆ ಸಿಪ್ಪೆ ಇರುವುದರಿಂದ ಬೇಯಲು ಮುಕ್ಕಾಲು ಗಂಟೆಗೂ ಮೇಲೆ ಹಿಡಿಯುತ್ತದೆ. ಕಟ್ಟು ಮಾತ್ರ ಕಂದಾಗಿ, ಗಟ್ಟಿಯಾಗಿ, ತೊಗರಿಯದಕ್ಕಿಂತ ಸೊಗಸಾಗಿ ಇಳಿಯುತ್ತದೆ. ಬಸ್ಸಾರನ್ನು ಮಾರನೆಯ ಬೆಳಿಗ್ಗೆ ಬಿಸಿಮಾಡಿ ಉಂಡರೆ ಇನ್ನೂ ರುಚಿ. ಕಾಯಿ ಹಾಕಿದ ಸಾರಾದುದರಿಂದ ಬೇಸಗೆಯಲ್ಲಿ ರಾತ್ರಿ ಒಮ್ಮೆ ಕುದಿಸಿಟ್ಟೇ ಮಲಗಬೇಕು, ಇಲ್ಲದಿದ್ದರೆ ಬೆಳಗಾಗುವಷ್ಟರಲ್ಲಿ ಹಳಸಿರುತ್ತದೆ. ಇದನ್ನೂ ನಾನು ಒಂದು ಪಾತ್ರೆ ಸಾರನ್ನು ತಿಪ್ಪೆಗೆ ಸುರಿದೇ ಕಲಿತದ್ದು.